ಉಗುರು ತಿದ್ದುವವಳೂ ಮೂಕಿ ಕ್ಯಾಮೆರಾವೂ: ಓದುಗರ ಪ್ರಶ್ನೆ, ನಮ್ಮ ಉತ್ತರ

ಹಿಂದಿನ ಸಂಚಿಕೆಯಲ್ಲಿ ಮೂಕಿ ಚಿತ್ರಗಳ ಬಗ್ಗೆ ಬರೆಯುವಾಗ ‘ದ ಮ್ಯಾನಿಕ್ಯೂರ್ ಲೇಡಿ’ ಅನ್ನೋ 1911ರ ಅಮೆರಿಕನ್ ಹಾಸ್ಯಚಿತ್ರದ ಹೆಸರು ಒಂದು ಸಾಲಿನಲ್ಲಿ ಬಂದು ಹೋಗಿತ್ತು. ಮುಖ್ಯ ಲೇಖನಕ್ಕೆ ಬಂದ ಪತ್ರಕ್ಕಿಂತ ಆ ಒಂದು ಸಾಲಿಗೆ ಬಂದ ಪತ್ರಗಳೇ ಜಾಸ್ತಿ. ಆದ್ದರಿಂದ ಈ ಸಲದ ಅಂಕಣ ಪೂರ್ತಿ ಅದಕ್ಕೇ ಮೀಸಲು. ಒಂದೇ ಥರದ ಪ್ರಶ್ನೆಗಳನ್ನು ಸೇರಿಸಿಕೊಂಡಿದ್ದೇವೆ, ಬೇಜಾರು ಮಾಡ್ಕೋಬೇಡಿ.

ಪ್ರಶ್ನೆ: ಹೆಸರು ನೋಡಿ ಉಗುರು ತಿದ್ದುವ ಕೆಲಸವನ್ನು ತೋರಿಸ್ತಾರೆ ಅಂದುಕೊಂಡು ಕೂತೆ. ನೋಡಿದರೆ ಅವಳು ಕೆಲಸ ಮಾಡೋದಕ್ಕಿಂತ ಗಂಡಸರು ಅವಳ ಸುತ್ತ ಸುಳಿಯೋದೇ ಜಾಸ್ತಿ. ಆಗಿನವರಿಗೆ ಈ ವೃತ್ತಿಯ ಮೇಲೆ ಯಾಕೆ ಅಷ್ಟು ಕಣ್ಣು?

ಉತ್ತರ: ನೀವು ಮೋಸ ಹೋಗಿದ್ದು ಸಹಜ. ಇದು ಬಯೋಗ್ರಾಫ್ ಕಂಪನಿಯ ಚಿತ್ರ. ನಿರ್ದೇಶನ ಮ್ಯಾಕ್ ಸೆನೆಟ್, ನಟನೆಯಲ್ಲೂ ಅವರಿದ್ದಾರೆ. ನಾಯಕಿ ವಿವಿಯನ್ ಪ್ರೆಸ್ಕಾಟ್. ಮರುವರ್ಷವೇ ಇದೇ ಸೆನೆಟ್ ಕೀಸ್ಟೋನ್ ಕಂಪನಿ ಕಟ್ಟಿ, ಓಡೋದು, ಬೀಳೋದು, ಬೆನ್ನಟ್ಟೋದು ಇವನ್ನೇ ಬಂಡವಾಳ ಮಾಡಿಕೊಂಡವರು. ಅವರ ಕೈಯಲ್ಲಿ ಉಗುರಿನ ಪಾಠ ಸಿಗುತ್ತೆ ಅಂತ ಕಾದರೆ ಅದು ನಮ್ಮದೇ ತಪ್ಪು.

ಆದರೆ ನಿಮ್ಮ ಪ್ರಶ್ನೆ ಸರಿಯಾಗಿದೆ. ಯಾಕೆ ಮ್ಯಾನಿಕ್ಯೂರ್ ಮಾಡುವವಳೇ? ಆಗಿನ ಅಮೆರಿಕದ ಮರ್ಯಾದಸ್ಥರ ಲೋಕದಲ್ಲಿ ಪರಿಚಯವಿಲ್ಲದ ಹೆಣ್ಣಿನ ಕೈ ಹಿಡಿದು ಕೂರೋದು ನಾಲ್ಕು ಜನರ ಮುಂದೆ ಸಾಧ್ಯವಿರಲಿಲ್ಲ. ಈ ಮೇಜಿನ ಮುಂದೆ ಮಾತ್ರ ಸಾಧ್ಯ. ಕಾಸು ಕೊಟ್ಟು ಕೈ ಚಾಚಿದರೆ ಅವಳು ಹಿಡಿಯಲೇಬೇಕು, ಅದು ಅವಳ ಕೆಲಸ. ಒಂದು ಕೈ ಮುಗಿದ ಮೇಲೆ ಇನ್ನೊಂದು ಕೈ. ಅಷ್ಟು ಹೊತ್ತೂ ಎದುರುಬದುರು, ಮಧ್ಯೆ ಇರೋದು ಮೊಳ ಅಗಲದ ಮೇಜು. ಹಾಸ್ಯಚಿತ್ರ ಮಾಡೋನಿಗೆ ಇನ್ನೇನು ಬೇಕು ಹೇಳಿ? ಮಾತೇ ಬೇಕಿಲ್ಲ. ಅವನ ಕಣ್ಣು ಅವಳ ಮುಖದ ಮೇಲೆ, ಅವಳ ಕಣ್ಣು ಅವನ ಬೆರಳಿನ ಮೇಲೆ. ಅಷ್ಟರಲ್ಲೇ ಕಥೆ ಮುಗಿಯಿತು.

ಇನ್ನೊಂದು ವಿಷಯ ನೋಡಿ. ಗಿರಾಕಿಯ ಒಂದು ಕೈ ಸೋಪಿನ ನೀರಿನ ಬಟ್ಟಲಲ್ಲಿ, ಇನ್ನೊಂದು ಕೈ ಅವಳ ಹಿಡಿತದಲ್ಲಿ. ಆ ಹೊತ್ತಿಗೆ ಸರಿಯಾಗಿ ಅವನ ಹೆಂಡತಿಯೋ ಅವಳ ಪ್ರೇಮಿಯೋ ಬಾಗಿಲಲ್ಲಿ ನಿಂತರೆ ಅವನು ಏಳೋ ಹಾಗಿಲ್ಲ, ಕೈ ಬಿಡಿಸಿಕೊಳ್ಳೋ ಹಾಗಿಲ್ಲ, ಟೋಪಿ ಎತ್ತಿಕೊಂಡು ಓಡೋ ಹಾಗೂ ಇಲ್ಲ. ಕುರ್ಚಿಗೆ ಕಟ್ಟಿ ಹಾಕಿದಷ್ಟೇ ಭದ್ರ!

ಇದು ಉಗುರಿಗೆ ಮಾತ್ರ ಸೀಮಿತ ಅಲ್ಲ. 1903ರಲ್ಲಿ ಎಡಿಸನ್ ಕಂಪನಿಗೆ ಎಡ್ವಿನ್ ಎಸ್. ಪೋರ್ಟರ್ ತೆಗೆದ ‘ದ ಗೇ ಶೂ ಕ್ಲರ್ಕ್’ ಚಿತ್ರದಲ್ಲಿ ಚಪ್ಪಲಿ ಅಂಗಡಿಯ ಹುಡುಗ ಗಿರಾಕಿ ಹೆಣ್ಣಿನ ಕಾಲಿಗೆ ಶೂ ತೊಡಿಸುತ್ತಾನೆ, ಲಂಗದ ಅಂಚು ಸ್ವಲ್ಪ ಸ್ವಲ್ಪವೇ ಮೇಲೇರುತ್ತೆ, ಹುಡುಗನ ಕೈ ತಡವರಿಸುತ್ತೆ, ಕೊನೆಗೆ ಮುತ್ತು ಕೊಡ್ತಾನೆ, ಪಕ್ಕದಲ್ಲಿ ಓದುತ್ತಾ ಕೂತಿದ್ದ ಹಿರಿಯ ಹೆಂಗಸು ಎದ್ದು ಕೊಡೆಯಲ್ಲಿ ಬಾರಿಸ್ತಾಳೆ. ಮುಟ್ಟಲು ಪರವಾನಗಿ ಇರುವ ಕೆಲಸ ಯಾವುದಿದ್ದರೂ ಆಗಿನ ಹಾಸ್ಯಚಿತ್ರಕ್ಕೆ ಅದು ಸಿದ್ಧ ಸರಕು. ಚಪ್ಪಲಿ ಅಂಗಡಿಯಲ್ಲಿ ಮುಟ್ಟೋನು ಗಂಡಸು. ಇಲ್ಲಿ ಮುಟ್ಟೋಳು ಹೆಂಗಸು, ಆದರೂ ಸಲಿಗೆ ತಗೊಳ್ಳೋನು ಗಂಡಸೇ. ಅದನ್ನ ಗಮನಿಸಿದಿರಾ?

ಪ್ರಶ್ನೆ: ಅವಳ ಮೇಜಿನ ಮೇಲೆ ಏನೇನೋ ಇರುತ್ತೆ, ಒಂದೂ ಸರಿಯಾಗಿ ಕಾಣಲ್ಲ. ನಾನು ಬ್ಯೂಟಿ ಪಾರ್ಲರ್‌ನಲ್ಲಿ ಕೆಲಸ ಮಾಡ್ತೀನಿ, ಅದಕ್ಕೇ ಕುತೂಹಲ. ಆಗ ಮ್ಯಾನಿಕ್ಯೂರ್ ಹೇಗೆ ಮಾಡ್ತಿದ್ದರು?

ಉತ್ತರ: ಈ ಕಂತೆಯಲ್ಲಿ ನಮಗೆ ತುಂಬಾ ಇಷ್ಟವಾದ ಪತ್ರ ನಿಮ್ಮದೇ. ನಾಯಕ ನಾಯಕಿಯನ್ನು ಬಿಟ್ಟು ತಟ್ಟೆ ನೋಡಿದ್ದೀರಲ್ಲ!

ಕ್ರಮ ನಿಮಗೆ ಗೊತ್ತಿರೋದೇ, ಬಹುಪಾಲು ಬದಲಾಗಿಲ್ಲ. ಮೊದಲು ಫೈಲ್ ಹಿಡಿದು ಉಗುರಿನ ತುದಿಗೆ ಆಕಾರ ಕೊಡೋದು. ಆಮೇಲೆ ಬೆಚ್ಚಗಿನ ಸೋಪಿನ ನೀರಿನ ಬಟ್ಟಲಿನಲ್ಲಿ ಬೆರಳು ನೆನೆಸೋದು. ಉಗುರಿನ ಬುಡದ ಚರ್ಮ ಮೆತ್ತಗಾದ ಮೇಲೆ ಕೈ ಒರೆಸಿ, ಕಿತ್ತಳೆ ಮರದ ತೆಳು ಕಡ್ಡಿಯಿಂದ ಆ ಚರ್ಮವನ್ನು ಹಿಂದಕ್ಕೆ ತಳ್ಳೋದು. ಕಡ್ಡಿಯ ತುದಿಗೆ ಒಂಚೂರು ಹತ್ತಿ ಸುತ್ತಿ ಉಗುರಿನ ಅಡಿ ಸ್ವಚ್ಛ ಮಾಡೋದು. ಎದ್ದು ನಿಂತ ಸಿಬಿರನ್ನು ಪುಟ್ಟ ಕತ್ತರಿಯಿಂದ ತೆಗೆಯೋದು.

ವ್ಯತ್ಯಾಸ ಇರೋದು ಕೊನೆಯ ಹಂತದಲ್ಲಿ. ನೀವು ಈಗ ಶೀಶೆ ತೆರೆದು ಬಣ್ಣ ಹಚ್ಚುತ್ತೀರಿ. ಅವಳ ಹತ್ತಿರ ಇದ್ದದ್ದು ಪುಡಿ, ಇಲ್ಲವೇ ಲೇಹದಂಥ ಪೇಸ್ಟ್. ಅದನ್ನು ಉಗುರಿನ ಮೇಲೆ ಚೂರು ಸವರಿ, ಮೆತ್ತನೆಯ ಚರ್ಮ ಬಿಗಿದ ಬಫರ್ ಹಿಡಿದು ಹಿಂದೆ ಮುಂದೆ ಉಜ್ಜೋದು. ಉಜ್ಜಿ ಉಜ್ಜಿ ಉಗುರು ತಾನೇ ಹೊಳೆಯಬೇಕು. ಒಂದೇ ಕಡೆ ಬಿಡದೆ ಉಜ್ಜಿದರೆ ಉಗುರು ಬಿಸಿಯಾಗಿ ಚುರುಕ್ ಅನ್ನುತ್ತೆ, ಹಾಗಾಗಿ ಆಗಾಗ ಎತ್ತಬೇಕು. ಹತ್ತು ಬೆರಳಿಗೂ ಹೀಗೆ ಅಂದರೆ ಸಂಜೆ ಹೊತ್ತಿಗೆ ಅವಳ ಭುಜದ ಗತಿ ಏನು, ನಿಮಗೇ ಚೆನ್ನಾಗಿ ಗೊತ್ತು.

ಮುಂದಿನ ಸಲ ಇಂಥ ಚಿತ್ರ ನೋಡುವಾಗ ಒಂದು ಮಾಡಿ. ಅವಳು ಫೈಲ್ ಹಿಡಿದಾಗ, ಕಡ್ಡಿ ಹಿಡಿದಾಗ ತೆರೆಯಲ್ಲಿ ಏನೂ ಆಗುತ್ತಿಲ್ಲ ಅನ್ನಿಸುತ್ತೆ. ಬಫರ್ ಹಿಡಿದ ಕೂಡಲೇ ಮೊಣಕೈ ಆಡುತ್ತೆ, ಭುಜ ಆಡುತ್ತೆ, ದೂರದಿಂದಲೂ ‘ಕೆಲಸ ನಡೀತಿದೆ’ ಅಂತ ಗೊತ್ತಾಗುತ್ತೆ. ನಿಜವಾದ ಜಾಣ್ಮೆ ಇರೋದು ಕಡ್ಡಿಯ ತುದಿಯಲ್ಲಿ. ಆ ಕಾಲದ ಕ್ಯಾಮೆರಾಕ್ಕೆ ಸಿಕ್ಕಿದ್ದು ಮೊಣಕೈ ಮಾತ್ರ.

ಪ್ರಶ್ನೆ: ಹಾಗಾದರೆ ಕ್ಯಾಮೆರಾ ಹತ್ತಿರ ತಗೊಂಡು ಹೋಗಬಹುದಿತ್ತಲ್ಲ? ಕ್ಲೋಸಪ್ ಅನ್ನೋದು ಆಗ ಗೊತ್ತೇ ಇರಲಿಲ್ಲವಾ?

ಉತ್ತರ: ಗೊತ್ತಿತ್ತು. ಇಂಗ್ಲೆಂಡಿನ ಜಿ.ಎ. ಸ್ಮಿತ್ 1900ರಲ್ಲೇ ಭೂತಗನ್ನಡಿಯೊಳಗಿಂದ, ದುರ್ಬೀನಿನೊಳಗಿಂದ ನೋಡಿದ ಹಾಗೆ ಹತ್ತಿರದ ಚಿತ್ರಗಳನ್ನು ತೋರಿಸಿದ್ದರು. ದುರ್ಬೀನಿನ ಚಿತ್ರದಲ್ಲಂತೂ ಮುದುಕನೊಬ್ಬ ದೂರದಿಂದ ಕದ್ದು ನೋಡೋದು ಹೆಣ್ಣಿನ ಕಾಲಿನ ಗಂಟನ್ನೇ! ಮೇಲೆ ಹೇಳಿದ ಶೂ ಕ್ಲರ್ಕ್ ಚಿತ್ರದಲ್ಲೂ ನಡುವೆ ಕಾಲು ಮಾತ್ರ ಕಾಣುವ ಶಾಟ್ ಇದೆ. ಅಂದರೆ ಹತ್ತಿರ ಹೋಗಲು ಬರುತ್ತಿತ್ತು. ಹೋಗಿದ್ದು ಮಾತ್ರ ಚಪಲಕ್ಕೆ, ಕಸುಬಿಗಲ್ಲ.

ಉಳಿದಂತೆ ರೂಢಿ ಬೇರೆ ಇತ್ತು. ನಟರು ನಾಟಕದ ರಂಗದ ಮೇಲೆ ಕಂಡ ಹಾಗೆ ಅಡಿಯಿಂದ ಮುಡಿವರೆಗೆ ಕಾಣಬೇಕು, ಅಷ್ಟೇ. ದುಡ್ಡು ಕೊಟ್ಟು ಬಂದವನಿಗೆ ಅರ್ಧ ಮನುಷ್ಯನನ್ನು ತೋರಿಸೋದಾ ಅನ್ನೋ ಅಳುಕು. 1911ರ ಹೊತ್ತಿಗೆ ಕ್ಯಾಮೆರಾ ಕೊಂಚ ಮುಂದೆ ಬಂದಿತ್ತು. ಪತ್ರ, ಉಂಗುರ, ಗಡಿಯಾರ ಇಂಥವನ್ನು ಹತ್ತಿರದಿಂದ ತೋರಿಸೋದು ಬಳಕೆಗೆ ಬರುತ್ತಿತ್ತು, ಯಾಕೆಂದರೆ ಅವು ಗೊತ್ತಾಗದಿದ್ದರೆ ಕಥೆಯೇ ಗೊತ್ತಾಗಲ್ಲ. ಉಗುರಿನ ಬುಡದ ಚರ್ಮ ಸರಿದರೂ ಸರಿಯದಿದ್ದರೂ ಕಥೆಗೆ ಏನೂ ಆಗಲ್ಲ. ಹಾಗಾಗಿ ಕ್ಯಾಮೆರಾ ಅಲ್ಲಿಗೆ ಹೋಗಲಿಲ್ಲ.

ಪ್ರಶ್ನೆ: ಹಳೇ ಚಿತ್ರದಲ್ಲಿ ಎಲ್ಲರೂ ದಡಬಡ ಓಡಾಡ್ತಾರೆ. ಉಗುರು ಉಜ್ಜೋ ಕೈ ಅಂತೂ ಮಶೀನ್ ಥರ. ನಿಜಕ್ಕೂ ಅಷ್ಟು ಬೇಗ ಮಾಡ್ತಿದ್ದರಾ?

ಉತ್ತರ: ಇಲ್ಲ, ಅವಳ ಕೈಯನ್ನು ಓಡಿಸ್ತಿರೋದು ನಿಮ್ಮ ಪರದೆ. ಆಗ ಕ್ಯಾಮೆರಾದ ಹಿಡಿಯನ್ನು ಕೈಯಲ್ಲಿ ತಿರುಗಿಸಿ ತೆಗೆಯುತ್ತಿದ್ದರು. ಸೆಕೆಂಡಿಗೆ ಹೆಚ್ಚುಕಮ್ಮಿ 16 ಚೌಕಟ್ಟು, ಅಂದರೆ 16 ಬಿಡಿ ಚಿತ್ರ, ಅಂತ ಇಟ್ಟುಕೊಳ್ಳಿ. ತಿರುಗಿಸೋನ ಕೈ, ಕಂಪನಿಯ ರೂಢಿ ನೋಡಿಕೊಂಡು ಸ್ವಲ್ಪ ಹಿಂದೆ ಮುಂದೆ ಆಗುತ್ತಿತ್ತು. ಮಾತಿನ ಚಿತ್ರ ಬಂದ ಮೇಲೆ ಸೆಕೆಂಡಿಗೆ 24 ಅಂತ ಗಟ್ಟಿಯಾಯಿತು. 16ರಲ್ಲಿ ತೆಗೆದದ್ದನ್ನು 24ರಲ್ಲಿ ಓಡಿಸಿದರೆ ಎಲ್ಲವೂ ಒಂದೂವರೆ ಪಟ್ಟು ವೇಗ. 35 ಮಿ.ಮೀ. ಫಿಲ್ಮಿನ ಒಂದು ಅಡಿಯಲ್ಲಿ 16 ಚೌಕಟ್ಟು ಇರುತ್ತೆ. 50 ಅಡಿಯ ತುಣುಕು ಅಂದರೆ 800 ಚೌಕಟ್ಟು. ಸರಿಯಾಗಿ ಓಡಿಸಿದರೆ 50 ಸೆಕೆಂಡು, 24ರಲ್ಲಿ ಓಡಿಸಿದರೆ 33 ಸೆಕೆಂಡಿಗೇ ಮುಗಿದುಹೋಗುತ್ತೆ.

ನೀವು ನೋಡೋ ಪ್ಲೇಯರ್‌ನಲ್ಲಿ ವೇಗ ಕಡಿಮೆ ಮಾಡೋ ಸೌಲಭ್ಯ ಇದ್ದರೆ 0.75ಕ್ಕೆ ಇಟ್ಟು ನೋಡಿ. ಮನುಷ್ಯರು ಮನುಷ್ಯರಾಗ್ತಾರೆ. ಆದರೆ ಪುನರುದ್ಧಾರ ಮಾಡಿದ ಪ್ರತಿ ಆಗಿದ್ದರೆ ವೇಗವನ್ನು ಮೊದಲೇ ಸರಿ ಮಾಡಿರ್ತಾರೆ, ಆಗ ಮುಟ್ಟೋಕೆ ಹೋಗಬೇಡಿ.

ಇದಕ್ಕೆ ಹೊಂದಿಕೊಂಡ ಹಾಗೆ ಇನ್ನೊಂದು ಮಾತು. ಬಯೋಗ್ರಾಫ್ ಕಂಪನಿ ಶುರುವಿನಲ್ಲಿ ಮ್ಯೂಟೋಸ್ಕೋಪ್ ಅನ್ನೋ ಪೆಟ್ಟಿಗೆಯಿಂದಲೂ ದುಡ್ಡು ಮಾಡುತ್ತಿತ್ತು. ಒಳಗೆ ಚಕ್ರಕ್ಕೆ ಸಿಕ್ಕಿಸಿದ ನೂರಾರು ಚಿತ್ರದ ಕಾರ್ಡುಗಳು. ಕಾಸು ಹಾಕಿ, ಕಣ್ಣಿಟ್ಟು, ನೋಡೋನೇ ಹಿಡಿ ತಿರುಗಿಸಬೇಕು. ನಿಧಾನ ಬೇಕಾದರೆ ನಿಧಾನ, ಬೇಕಾದ ಚಿತ್ರ ಬಂದಾಗ ನಿಲ್ಲಿಸಲೂಬಹುದು. ಎಲ್ಲಿ ನಿಲ್ಲಿಸುತ್ತಿದ್ದರು ಅಂತ ಬಿಡಿಸಿ ಹೇಳೋದು ಬೇಡ ಅಲ್ವಾ.

ಪ್ರಶ್ನೆ: ಸಿನಿಮಾ ರೀಲೂ ನೇಲ್ ಪಾಲಿಶೂ ಒಂದೇ ಪದಾರ್ಥದಿಂದ ಮಾಡಿದ್ದು ಅಂತ ಯಾರೋ ಹೇಳಿದರು. ಸುಮ್ನೆ ಹೇಳಿದ್ದಾ, ನಿಜಾನಾ?

ಉತ್ತರ: ನಿಜ. ಹಳೆಯ ಫಿಲ್ಮಿನ ಪಟ್ಟಿ ಸೆಲ್ಯುಲೋಸ್ ನೈಟ್ರೇಟ್. ನೇಲ್ ಪಾಲಿಶ್ ಒಣಗಿದ ಮೇಲೆ ಉಗುರಿನ ಮೇಲೆ ಪದರವಾಗಿ ನಿಲ್ಲೋದೂ ಬಹುಪಾಲು ಅದೇ ಬಳಗದ ನೈಟ್ರೋಸೆಲ್ಯುಲೋಸ್. ಹತ್ತಿ ಅಥವಾ ಮರದ ನಾರನ್ನು ನೈಟ್ರಿಕ್ ಆಮ್ಲ ಮತ್ತು ಗಂಧಕಾಮ್ಲದ ಮಿಶ್ರಣದಲ್ಲಿ ಹದ ಮಾಡಿದರೆ ಇದು ಸಿಗುತ್ತೆ. ಆಮೇಲೆ ದ್ರಾವಕದಲ್ಲಿ ಕರಗಿಸಿ, ಮೆತುವಾಗಿಸುವ ಪದಾರ್ಥ ಬೆರೆಸಿ, ಹಾಳೆಯಾಗಿ ಹರಡಿದರೆ ಫಿಲ್ಮು. ತೆಳ್ಳಗೆ ಮಾಡಿ, ಬಣ್ಣ ಸೇರಿಸಿ, ಶೀಶೆಗೆ ತುಂಬಿದರೆ ಪಾಲಿಶು. ಪಾಲಿಶ್ ತೆಗೆಯೋ ಅಸಿಟೋನ್ ಇದೆಯಲ್ಲ, ಅದು ಹಳೇ ಫಿಲ್ಮಿನ ಪಟ್ಟಿಯನ್ನೂ ಕರಗಿಸುತ್ತೆ. ಚಿತ್ರ ಸಂಕಲನ ಮಾಡುವವರು ತುಂಡುಗಳನ್ನು ಅಂಟಿಸಲು ಇಂಥ ದ್ರಾವಕಗಳ ಅಂಟನ್ನೇ ಬಳಸುತ್ತಿದ್ದರು. ಅಂದರೆ ಆ ಕೋಣೆಗೂ ಇವತ್ತಿನ ಪಾರ್ಲರಿಗೂ ವಾಸನೆಯಲ್ಲಿ ದೂರದ ನೆಂಟಸ್ತಿಕೆ ಇದೆ.

ಆದರೆ 1911ರ ನಮ್ಮ ನಾಯಕಿಯ ಮೇಜಿನ ಮೇಲೆ ಈ ಶೀಶೆ ಹುಡುಕಬೇಡಿ. ಕ್ಯೂಟೆಕ್ಸ್ ಕಂಪನಿ ಶುರುವಾದದ್ದೇ ಆ ವರ್ಷ, ಅದೂ ಉಗುರಿನ ಬುಡದ ಚರ್ಮ ಮೆತ್ತಗೆ ಮಾಡುವ ದ್ರವದಿಂದ. ಬಣ್ಣದ ದ್ರವ ಪಾಲಿಶು ಮಾರುಕಟ್ಟೆಯಲ್ಲಿ ನೆಲೆ ಕಂಡದ್ದು ಆ ದಶಕದ ಕೊನೆ ಮತ್ತು 1920ರ ದಶಕದಲ್ಲಿ.

ಬಣ್ಣ ಇದ್ದಿದ್ದರೂ ಪ್ರಯೋಜನ ಇರಲಿಲ್ಲ ಅನ್ನಿ. ಆಗಿನ ಆರ್ಥೋಕ್ರೋಮ್ಯಾಟಿಕ್ ಫಿಲ್ಮಿಗೆ ಕೆಂಪು ಬಣ್ಣ ಕಾಣುತ್ತಲೇ ಇರಲಿಲ್ಲ, ಅದರ ಕಣ್ಣಿಗೆ ಕೆಂಪೂ ಕಪ್ಪೂ ಒಂದೇ. ನೀಲಿ ಬಣ್ಣ ಬಿಳಿಚಿಕೊಂಡು ಬರುತ್ತಿತ್ತು. ಕೆಂಪು ಪಾಲಿಶ್ ಹಚ್ಚಿದ್ದರೆ ಬಾಗಿಲಿಗೆ ಸಿಕ್ಕಿ ರಕ್ತ ಹೆಪ್ಪುಗಟ್ಟಿದ ಉಗುರಿನ ಹಾಗೆ ಕಂಡಿರೋದು.

ಪ್ರಶ್ನೆ: ಅಷ್ಟು ಹಳೇ ರೀಲು ಇಷ್ಟು ದಿನ ಉಳಿದಿದ್ದು ಹೇಗೆ? ಬೆಂಕಿ ಹತ್ತುತ್ತೆ ಅಂತಾರಲ್ಲ.

ಉತ್ತರ: ಹತ್ತುತ್ತೆ, ಹತ್ತಿದರೆ ನೀರಿನಲ್ಲಿ ಮುಳುಗಿಸಿದರೂ ಆರಲ್ಲ. ಉರಿಯಲು ಬೇಕಾದ ಆಮ್ಲಜನಕವನ್ನು ಆ ಪದಾರ್ಥ ತನ್ನೊಳಗೇ ಇಟ್ಟುಕೊಂಡಿರುತ್ತೆ. ಬೆಂಕಿ ಹತ್ತದಿದ್ದರೂ ತಾನಾಗಿಯೇ ಕೊಳೆಯುತ್ತೆ. ಚಿತ್ರ ಮಾಸುತ್ತೆ, ಪಟ್ಟಿ ಅಂಟಂಟಾಗುತ್ತೆ, ಗುಳ್ಳೆ ಏಳುತ್ತೆ, ಕೊನೆಗೆ ಕಂದು ಪುಡಿ. ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ 2013ರಲ್ಲಿ ಪ್ರಕಟಿಸಿದ ವರದಿಯ ಪ್ರಕಾರ 1912ರಿಂದ 1929ರವರೆಗೆ ಅಲ್ಲಿ ಬಂದ ಸುಮಾರು 11,000 ಪೂರ್ಣಾವಧಿ ಮೂಕಿ ಚಿತ್ರಗಳಲ್ಲಿ ಮೂಲ ರೂಪದಲ್ಲಿ ಉಳಿದಿರೋದು ಶೇ. 14 ಮಾತ್ರ.

ಅದಕ್ಕಿಂತ ಹಳೆಯ ಪುಟ್ಟ ಚಿತ್ರಗಳು ಸಾಕಷ್ಟು ಉಳಿದಿರೋದಕ್ಕೆ ಕಾರಣ ಮಜವಾಗಿದೆ. 1912ರವರೆಗೆ ಅಮೆರಿಕದ ಹಕ್ಕುಸ್ವಾಮ್ಯ ಕಾನೂನಿನಲ್ಲಿ ಸಿನಿಮಾ ಅನ್ನೋ ವಸ್ತುವೇ ಇರಲಿಲ್ಲ. ಫೋಟೋ ಇತ್ತು. ನಕಲು ಹೊಡೆಯೋರ ಕಾಟ ವಿಪರೀತ. ಕಂಪನಿಗಳು ಏನು ಮಾಡಿದವು ಅಂದರೆ, ಇಡೀ ಚಿತ್ರವನ್ನು ಚೌಕಟ್ಟು ಚೌಕಟ್ಟಾಗಿ ಉದ್ದನೆಯ ಫೋಟೋ ಕಾಗದದ ಸುರುಳಿಯ ಮೇಲೆ ಅಚ್ಚು ಮಾಡಿ, ‘ಇದು ಫೋಟೋ ಸ್ವಾಮಿ’ ಅಂತ ಸರ್ಕಾರಕ್ಕೆ ಸಲ್ಲಿಸಿದವು. ಸುರುಳಿಗಳು ಗೋದಾಮಿನಲ್ಲಿ ದಶಕಗಟ್ಟಲೆ ಬಿದ್ದಿದ್ದವು. ಅವು ಸುಮಾರು 3,000 ಚಿತ್ರಗಳು. ಫಿಲ್ಮು ಪುಡಿಯಾಯಿತು, ಕಾಗದ ಉಳಿಯಿತು. 1950ರ ದಶಕದಿಂದ ಕೆಂಪ್ ನೈವರ್ ಅನ್ನೋರು ಈ ಕಾಗದದ ಚಿತ್ರಗಳನ್ನು ಒಂದೊಂದಾಗಿ ಮತ್ತೆ ಫಿಲ್ಮಿಗೆ ಇಳಿಸುವ ದೊಡ್ಡ ಕೆಲಸ ಮಾಡಿದರು, ಅದಕ್ಕೆ ಅವರಿಗೆ ಗೌರವ ಆಸ್ಕರ್ ಕೂಡ ಬಂತು. ಕೆಲವು ಹಳೇ ಚಿತ್ರಗಳು ಒರಟೊರಟಾಗಿ, ಕಾಗದದ ನಾರು ಕಂಡ ಹಾಗೆ ಕಾಣೋದು ಇದಕ್ಕೇ.

ಪ್ರಶ್ನೆ: ಆ ನಟಿ ಉಗುರಿನ ಕೆಲಸ ನಿಜವಾಗಿ ಕಲಿತಿದ್ದಳಾ? ಆಗ ನಿಜವಾದ ಕೆಲಸಗಾರರನ್ನೇ ತೋರಿಸುತ್ತಿದ್ದರು ಅಂತ ಕೇಳಿದ್ದೆ.

ಉತ್ತರ: ಪ್ರೆಸ್ಕಾಟ್ ನಟಿ, ಬಯೋಗ್ರಾಫ್ ತಂಡದವರು. ಆಗ ಆ ಕಂಪನಿ ನಟರ ಹೆಸರನ್ನೇ ತೆರೆಯ ಮೇಲೆ ಹಾಕುತ್ತಿರಲಿಲ್ಲ. ಹೆಸರು ಗೊತ್ತಾದರೆ ಸಂಬಳ ಜಾಸ್ತಿ ಕೇಳ್ತಾರೆ ಅನ್ನೋ ಭಯ.

ಕೆಲಸಗಾರರನ್ನು ತೋರಿಸಿದ ಚಿತ್ರಗಳೂ ಇವೆ. 1895ರಲ್ಲಿ ಲೂಮಿಯೇರ್ ಸೋದರರು ಲಿಯಾನ್‌ನ ತಮ್ಮ ಕಾರ್ಖಾನೆಯಿಂದ ಹೊರಬರುವ ಸ್ವಂತ ಕೆಲಸಗಾರರನ್ನೇ ತೆಗೆದರು. ಆದರೆ ಅಲ್ಲಿ ಕಾಣೋದು ಕೆಲಸ ಬಿಟ್ಟು ಹೋಗೋದು! ಕೆಲಸ ಮಾಡೋದನ್ನು ತೋರಿಸಿದ ತೀರಾ ಹಳೆಯ ಚಿತ್ರಗಳಲ್ಲಿ ಒಂದು 1893ರ ಎಡಿಸನ್ ಕಂಪನಿಯ ಕಮ್ಮಾರಸಾಲೆಯ ದೃಶ್ಯ. ಮೂವರು ಅಡಿಗಲ್ಲಿನ ಮೇಲೆ ಸುತ್ತಿಗೆ ಬಡಿದು, ನಡುವೆ ಬಿಯರ್ ಬಾಟಲಿ ಕೈಯಿಂದ ಕೈಗೆ ದಾಟಿಸಿ, ಮತ್ತೆ ಬಡೀತಾರೆ. ಅವರು ಕಮ್ಮಾರರಲ್ಲ, ಎಡಿಸನ್ನರ ಸಿಬ್ಬಂದಿ. ಅಲ್ಲಿಂದಲೇ ಶುರು ನೋಡಿ, ತೆರೆಯ ಮೇಲೆ ಕಸುಬು ಅಂದರೆ ಕಸುಬಿನ ನಟನೆ.

ಪ್ರಶ್ನೆ: ದುಡಿಯೋ ಹೆಣ್ಣುಮಕ್ಕಳನ್ನು ಹೀಗೆ ತಮಾಷೆ ವಸ್ತು ಮಾಡಿದರೆ ಅವರಿಗೆ ಸಿಟ್ಟು ಬರ್ತಿರಲಿಲ್ಲವಾ?

ಉತ್ತರ: ನಮಗೆ ಅನ್ನಿಸೋದು ಇಷ್ಟು. 1905ರಲ್ಲಿ ಪಿಟ್ಸ್‌ಬರ್ಗ್‌ನಲ್ಲಿ ನಿಕಲೋಡಿಯನ್ ಅನ್ನೋ ಪುಟ್ಟ ಚಿತ್ರಮಂದಿರ ಶುರುವಾಗಿ, ಐದು ಸೆಂಟ್ ಕೊಟ್ಟರೆ ಚಿತ್ರ ಅನ್ನೋದು ಊರೂರಿಗೆ ಹಬ್ಬಿದ ಮೇಲೆ ಪ್ರೇಕ್ಷಕರಲ್ಲಿ ಅಂಗಡಿಯಲ್ಲಿ, ಕಾರ್ಖಾನೆಯಲ್ಲಿ ದುಡಿಯೋ ಹುಡುಗಿಯರು ಬಹಳ ಇದ್ದರು. ಶುರುವಿನ ಪೆಟ್ಟಿಗೆ ಚಿತ್ರಗಳಲ್ಲಿ ಇಂಥ ಹೆಣ್ಣು ಬರೀ ನೋಡೋ ವಸ್ತು. ಎದುರಿಗೆ ಕೂತು ನೋಡೋಳೂ ಅವಳೇ ಆದಾಗ ಕಥೆ ಅವಳ ಕಡೆ ತಿರುಗಲೇಬೇಕಲ್ಲ. ಅವಳಿಗೆ ಒಂದು ಮನಸ್ಸು ಬಂತು, ಆಯ್ಕೆ ಬಂತು. 1911ರ ಚಿತ್ರದ ಹೆಸರಿನಲ್ಲೇ ಅವಳಿದ್ದಾಳೆ. 1935ರ ಹೊತ್ತಿಗೆ, ಆಗ ಮಾತಿನ ಚಿತ್ರದ ಕಾಲ, ‘ಹ್ಯಾಂಡ್ಸ್ ಅಕ್ರಾಸ್ ದ ಟೇಬಲ್’ನಲ್ಲಿ ಕ್ಯಾರೊಲ್ ಲೊಂಬಾರ್ಡ್ ಹೋಟೆಲಿನ ಮ್ಯಾನಿಕ್ಯೂರಿಸ್ಟ್. ಮೇಜಿನಾಚೆ ಕೂತ ಗಂಡಸರನ್ನು ಅಳೆದು, ದುಡ್ಡಿರೋನನ್ನೇ ಮದುವೆ ಆಗ್ತೀನಿ ಅಂತ ಲೆಕ್ಕ ಹಾಕೋಳು ಅವಳೇ.

ಸಿಟ್ಟು ಬರಬೇಕಾದ್ದು ನಿಜ. ಅವಳ ಕಸುಬಿನ ಮೇಲೆ ಇಷ್ಟು ಚಿತ್ರ ಬಂದರೂ ಕಸುಬನ್ನು ಯಾರೂ ನೋಡಲಿಲ್ಲ ಅನ್ನೋದಕ್ಕೆ ನಮಗಂತೂ ಬರುತ್ತೆ.

ಪ್ರಶ್ನೆ: ಮೂಕಿ ಚಿತ್ರ ಹಾಕಿದ ಐದೇ ನಿಮಿಷಕ್ಕೆ ನಿದ್ದೆ. ಏನು ಮಾಡಲಿ?

ಉತ್ತರ: ಒಂದು ನಿಮಿಷದ್ದನ್ನು ನೋಡಿ! ಎಡಿಸನ್ ಕಂಪನಿಯ ಕ್ಷೌರದಂಗಡಿ ದೃಶ್ಯದಿಂದ ಶುರು ಮಾಡಿ, ಐದು ಸೆಂಟಿಗೆ ಗಡ್ಡ, ಕಟಿಂಗ್ ಅಂತ ಬೋರ್ಡ್ ಇರುತ್ತೆ, ಆಕಳಿಸೋ ಮೊದಲೇ ಮುಗಿಯುತ್ತೆ. ಆಮೇಲೆ ಶೂ ಕ್ಲರ್ಕ್. ಅದಾದ ಮೇಲೆ ಮ್ಯಾನಿಕ್ಯೂರ್ ಲೇಡಿ. ಇಂಥ ತೀರಾ ಹಳೆಯ ತುಣುಕುಗಳನ್ನು ಲೈಬ್ರರಿ ಆಫ್ ಕಾಂಗ್ರೆಸ್ ತನ್ನ ಜಾಲತಾಣದಲ್ಲಿ ಬಿಟ್ಟಿಯಾಗಿ ಹಾಕಿದೆ. ಕೆಲವರು ಅಪ್‌ಲೋಡ್ ಮಾಡುವಾಗ ಸೇರಿಸಿರುವ ಟಿಂಗಿಟಿಂಗಿ ಪಿಯಾನೋ ಕೇಳಿ ತಲೆ ಕೆಟ್ಟರೆ ಶಬ್ದ ನಿಲ್ಲಿಸಿಬಿಡಿ, ಚಿತ್ರಕ್ಕೇನೂ ಕಮ್ಮಿ ಆಗಲ್ಲ.